ಹಿಡಿ

ತುಗಾಯಾದ ನನ್ನ ಕುಲುಮೆಗೆ
ಪ್ರವಾಸಿಗರು ಬಂದರೆ ಕೇಳುವುದು ಒಂದೇ:
ಗೋಡೆಗೆ ಚಂದ ಕಾಣುವ ಗುನೊಂಗ್ ಕಠಾರಿ.
ಕೊಡುತ್ತೇನೆ. ಹಿತ್ತಾಳೆ ಮಿಂಚುತ್ತದೆ,
ಬಾಯಿ ಮಾತ್ರ ಮೊಂಡು,
ಮಾಗಿದ ಪಪ್ಪಾಯಿಗೂ ಹೆದರುತ್ತದೆ.

ನಿನ್ನೆ ಮಗ್ರಿಬ್ ನಮಾಜಿಗೆ ಮುಂಚೆ ಮೊನೇರಾ ಅತ್ತೆ ಬಂದಳು,
ಮರಾವಿಯ ಬಿಡಾರದಿಂದ, ಎರಡು ಜೀಪ್ನಿ ಬದಲಿಸಿ.
ಮಾಲೊಂಗಿನ ಗಂಟು ಬಿಚ್ಚಿ ಇಟ್ಟಳು:
ಸುಟ್ಟ ಮನೆಯ ಮಣ್ಣು ಜರಡಿ ಹಿಡಿದು ಹೆಕ್ಕಿದ
ಗೇಣುದ್ದ ಕಬ್ಬಿಣ.
ಹಿಡಿ ಉರಿದುಹೋಗಿತ್ತು. ಏಳು ಬಳುಕು ಉಳಿದಿತ್ತು.

ತಿರುಗಿಸಿ ನೋಡಿದೆ, ಅಜ್ಜನ ಸುತ್ತಿಗೆಯ ಗುರುತು.
"ಯಾರ ರಕ್ತ ಕಂಡಿದೆ ಇದು?"
ನಕ್ಕಳು.
"ಎರಡು ಮನೆತನ ಹಗೆ ಸಾಧಿಸಿದ ಹನ್ನೊಂದು ವರ್ಷ
ನನ್ನ ಬೆನ್ನಿಗಿತ್ತು. ಕೊಯ್ದದ್ದು
ಸರೋವರದ ಮೀನು, ಒಮ್ಮೆ ಮಗಳ ಹೊಕ್ಕುಳಬಳ್ಳಿ.
ಇದೆ ಅಂತ ಎಲ್ಲರಿಗೂ ಗೊತ್ತಿತ್ತು, ಅಷ್ಟು ಸಾಕಿತ್ತು."

ಸಾಣೆಗೆ ಕೈ ಹಾಕಿದೆ. ಬೇಡವೆಂದಳು.
"ಮತ್ತೆ ಹಿಡಿ ಯಾಕೆ ಅತ್ತೆ?
ಚೆಕ್‌ಪೋಸ್ಟಿನಲ್ಲಿ ಕಿತ್ತುಕೊಳ್ಳುತ್ತಾರೆ."
ಸೊಂಟದ ಹಿಂದಕ್ಕೆ ಕೈ ಒಯ್ದು
ಮೂಳೆಯ ಪಕ್ಕ ಒಂದು ಜಾಗ ಮುಟ್ಟಿ ತೋರಿಸಿದಳು:
"ಇಲ್ಲಿ ಚಳಿ, ಮಗಾ."

ಕಮಗೊಂಗ್ ಮರದ ತುಂಡು, ಕರ್ರಗೆ, ಹಟಮಾರಿ.
ಓಕಿರ್ ಬಳ್ಳಿ ಕೆತ್ತುತ್ತ ಕೂತಿದ್ದೇನೆ, ಕರೆಂಟು ಹೋಗಿದೆ.
ಅಲಗಿನ ಬುಡದ ಸಂದಿಯಲ್ಲಿ ಸಿಕ್ಕಿಕೊಂಡ
ಅವಳ ಮನೆಯ ಬೂದಿ
ಒರೆಸಿಲ್ಲ.
ಹಿಡಿ ತುಂಬ ಏನಲ್ಲ, ಒಂದು ಚಿಟಿಕೆ.
ಅರಗು ಕಾಯಿಸಿ ಅದರ ಮೇಲೇ ಹೊಯ್ಯುತ್ತೇನೆ.