ಪ್ರೂಫಿನ್ಯಾಗ ಮೂರು ಚಂದ್ರ

ಆಗಸ್ಟ್ ಬಂತಂದ್ರ ಗದಗಿನ್ಯಾಗ
ಮುಂದಿನ ವರ್ಷ ಶುರು ಆಗತಿತ್ತು.
ಹತ್ತಿ ಗಿರಣಿ ಗ್ವಾಡಿಗೆ ಹತ್ತಿದ ನಮ್ಮ ಪ್ರೆಸ್ಸಿನ್ಯಾಗ
ಟ್ರೆಡಲ್ ಒದ್ದಂಗೆಲ್ಲಾ
ಸಂಕ್ರಾಂತಿ, ಶಿವರಾತ್ರಿ, ಬಸವ ಜಯಂತಿ
ಹಸಿ ಹಸಿ ಹೊರಗ ಬೀಳತಿದ್ದವು.
ಎಣ್ಣಿ ಗಿರಣಿಯವರದು, ಸಹಕಾರಿ ಬ್ಯಾಂಕಿನವರದು,
ಬೆಟಗೇರಿ ಸೀರಿ ಅಂಗಡಿಯವರದು.
ಎಲ್ಲಾರ ಹೆಸರೂ ಬ್ಯಾರೆ, ಚಂದ್ರ ಮಾತ್ರ ಒಬ್ಬಾಂವ.

ನಾ ಪ್ರೂಫ್ ನೋಡಾಕಿ. ಕೆಂಪು ಪೆನ್ಸಿಲ್, ಮುರುಕ ಕುರ್ಚಿ.
ಮೊಳಿ ಜೋಡಸಾಂವ ದಾವಲಸಾಬ.
ಏಕಾದಶಿ, ಸಂಕಷ್ಟಿ ಅವಗ ಬಾಯಿಪಾಠ.
ತನ್ನ ರಮಜಾನ್ ಮಾತ್ರ
ಗ್ಯಾಲಿಯೊಳಗ ಕೂಡಿಸಿದ ಮ್ಯಾಲೂ ನಂಬತಿದ್ದಿಲ್ಲ:
"ಅದನ್ನ ಮಾಳಿಗಿ ಮ್ಯಾಲೆ ನಿಂತು ನೋಡಬೇಕ್ರಿ ಅಕ್ಕಾರ.
ನಾವು ಅಚ್ಚು ಹಾಕಿದ್ವಿ ಅಂತ ಅಂವ ಬರಾಂವಲ್ಲ."

ಒಂದು ವರ್ಷ ಫೌಂಡ್ರಿಯವರು ತಪ್ಪಿ
ಹುಣ್ಣಿಮಿ ಮೊಳಿ ಮೂರು ಅಳತಿಯವು ಕಳಿಸಿದರು.
ಒಂದು ಅವರಿ ಕಾಳಿನಷ್ಟು, ಒಂದು ಜ್ವಾಳದಷ್ಟು,
ಒಂದು ಬರೇ ಸಾಸಿವಿಯಷ್ಟು.
ವಾಪಸ್ ಕಳಸೋ ಖರ್ಚು ಯಾರದು?
ಮೂಲ್ಯಾಗಿನ ಖಾನೆಯೊಳಗ ಬಿದ್ದವು.
ಊಟದ ಹೊತ್ತಿನ್ಯಾಗ, ರೊಟ್ಟಿ ಮುರಕೋತ,
ಆ ಮೂರಕ್ಕೂ ಒಂದು ಲೋಕ ಕಟ್ಟಿದ ದಾವಲಸಾಬ.

ಹಿರ್ಯಾಕಿಗೆ ನಲವತ್ತು ದಿನದ ಸುತ್ತು.
ಪಗಾರ, ಮನಿ ಬಾಡಗಿ, ಬಸುರಿ ಹೆಂಗಸರ ಲೆಕ್ಕ ಆಕಿ ಕಡೆ.
ನಡುವಿನಾಕಿಗೆ ಹದಿನೇಳು.
ಸಂತಿ, ಕ್ಷೌರ, ಜಗಳ ಆಕಿ ಕಡೆ.
ಜಗಳಕ್ಕ ಒಂದ ಸುತ್ತಿನ ಗಡುವು;
ಆಕಿ ಮತ್ತ ತುಂಬಿದ ರಾತ್ರಿ
ಮಾತು ಬಿಟ್ಟವರು ಮಾತಾಡಬೇಕು,
ಏನಿಲ್ಲಂದ್ರೂ "ಉಪ್ಪು ಕೊಡು" ಅನ್ನಬೇಕು.
ಇಬ್ಬರೂ ಕೂಡಿ ತುಂಬೋದು
ಆರನೂರಾ ಎಂಬತ್ತು ದಿನಕ್ಕೊಮ್ಮೆ. ಅದು ಅಲ್ಲಿಯ ವರ್ಷ.
ಪ್ರೂಫಿನ ಹಿಂಬದಿಗೆ ಭಾಗಾಕಾರ ಮಾಡಿ ಅಂದ:
"ನಿಮಗ ಇಲ್ಲಿ ನಲವತ್ತೊಂದು, ಅಲ್ಲಿ ಇಪ್ಪತ್ತೆರಡು."
ಆ ಸಂಜಿಕೆ ನಾ ಮುಳಗುಂದ ನಾಕಾದ ತನಕ
ಇಪ್ಪತ್ತೆರಡರ ನಡಗಿ ನಡದೆ.

ಮೂರನೇದಾಕಿ?
"ಆಕಿ ಕಳ್ಳಿ," ಅಂದ. "ಬಂದಾಗ ಬರತಾಳ."
ಆಕಿ ಸಲುವಾಗಿ ಪ್ರತಿ ಸಾಲಿನ ಕಡೀಕ
ಒಂದು ಖಾಲಿ ಮನಿ ಬಿಟ್ಟಿದ್ದ.
ಕಾಗದದ ಮ್ಯಾಲೆ ಖಾಲಿ ಕಾಣೋದು
ನಮ್ಮ ಕೆಲಸದಾಗ ಖಾಲಿ ಅಲ್ಲ.
ಅಲ್ಲೂ ಸೀಸ ಇರತೈತಿ, ಗಿಡ್ಡ ಸೀಸ,
ಶಾಯಿ ರೋಲರಿಗೆ ನಿಲುಕದಷ್ಟು ಗಿಡ್ಡ.
ಅದನ್ನ ತಗದ್ರ ಇಡೀ ತಿಂಗಳು
ಸಡ್ಲಾಗಿ ಉದರತೈತಿ.

ಎಣ್ಣಿ ಗಿರಣಿ ಕ್ಯಾಲೆಂಡರಿನ ಕಡೀ ಪ್ರೂಫ್ ಬಂತು.
ನವೆಂಬರಿನ್ಯಾಗ ಒಂದು ಬರೇ ಮಂಗಳವಾರ,
ಹಬ್ಬ ಇಲ್ಲ, ರಜಾ ಇಲ್ಲ, ಯಾರ ಜಯಂತಿನೂ ಇಲ್ಲ,
ಅದರ ಮೂಲ್ಯಾಗ ಸಾಸಿವಿಯಷ್ಟು ಬೆಳ್ಳಗಿನದೊಂದು.
ಕೈ ತಪ್ಪಿ ಬಂದದ್ದೋ, ಕೂಡಿಸಿದ್ದೋ,
ನಾ ಕೇಳಲಿಲ್ಲ.
ಕಂಡಿತ್ತು. ಪೆನ್ಸಿಲ್ ಅದರ ಮ್ಯಾಲೆ ಹೋಗಿ ನಿಂತಿತ್ತು.
ಆಮ್ಯಾಲೆ ಪುಟದ ಕೆಳಗ 'ಸರಿ' ಅಂತ ಬರದೆ.

ಹತ್ತು ಸಾವಿರ ಪ್ರತಿ.
ಗಿರಣಿಯವರಿಗೆ ತಿಳದದ್ದು ಫೆಬ್ರುವರಿಗೆ.
ತಪ್ಪು ತಂದು ಅಂದ ದಾವಲಸಾಬ, ನಂದು ಅಂದೆ ನಾ;
ಎಂಟು ದಿನದ ಪಗಾರ
ಮಾಲಕರು ಇಬ್ಬರದೂ ಹಿಡದರು.

ಡಿಸೆಂಬರಿನ್ಯಾಗ ಲಕ್ಕುಂಡಿಯಿಂದ ಒಂದು ಕಾರ್ಡು.
ಹೆಸರಿಲ್ಲ. ಸೀಸದ ಕಡ್ಡಿಯ ಅಕ್ಷರ:
"ಕ್ಯಾಲೆಂಡರಿನವರಿಗೆ. ಆ ಮಂಗಳವಾರ ನಾವು ಐದು ಮಂದಿ
ಮಾಳಿಗಿ ಹತ್ತಿ ಕೂತಿದ್ದಿವಿ. ಚುನಮರಿ ಒಯ್ದಿದ್ದಿವಿ.
ಏನೂ ಬರಲಿಲ್ಲ.
ಮುಂದಿನ ವರ್ಷ ಯಾವತ್ತು ಅಂತ ತಿಳಿಸಬೇಕು."

ದಾವಲಸಾಬ ಓದಿದ.
ಮೊಳಿ ಓದೋ ರೂಢಿಯೊಳಗ ತಲಿಕೆಳಗ ಮಾಡಿ ಮತ್ತ ಓದಿದ.
ಮುಂದಿನ ವರ್ಷ ಆಗಲೇ
ಬಂಡಲ್ ಕಟ್ಟಿ ಬಾಗಲದಾಗ ಕೂತಿತ್ತು,
ಅದರ ಮುಂದಿನದು ಮಾತ್ರ ಖಾಲಿ.
ಶಾಯಿ ಹತ್ತಿದ ಹೆಬ್ಬಟ್ಟಿನಿಂದ
ಬೆರಳಿನ ಗೆಣ್ಣು ಎಣಿಸಾಕ ಹತ್ತಿದ, ಬಾಯೊಳಗ.
ನಾ ಪೆನ್ಸಿಲ್ ಕೆತ್ತಿದೆ.