ಮೂರನೆಯ ಗುಂಡಿ

ಬ್ರೋಕನ್ ಹಿಲ್‌ನ ಗಡಿಯಾರ
ತನ್ನ ರಾಜ್ಯಕ್ಕಿಂತ ಅರ್ಧ ಗಂಟೆ ಹಿಂದೆ.
ಗಳಿಗೆ ಪಡೆ ಇಲ್ಲೇ ಬೀಡುಬಿಟ್ಟಿದ್ದು ಸುಮ್ಮನಲ್ಲ.

ಮೆರವಣಿಗೆಗೆ ಎರಡು ದಿನ ಇರುವಾಗ
ಆಕ್ಸೈಡ್ ಬೀದಿಯ ನನ್ನ ಹೊಲಿಗೆಯಂಗಡಿಗೆ
ಕ್ಯಾಪ್ಟನ್ ಟ್ರೆಗೆಂಜಾ ಕೋಟು ತಂದಳು:
ಬೂದು ಉಣ್ಣೆ, ಕಾಲರಿಗೆ ಬೆಳ್ಳಿ ಕಸೂತಿ,
ಎದೆಗೆ ಏಳು ಸತುವಿನ ಗುಂಡಿ.
ಒತ್ತಿದರೆ ಗುಂಡಿಗೊಂದು ನಿಮಿಷ ಹಿಂದಕ್ಕೆ.

ಆರು ಹೊಸದರಂತಿವೆ. ಮೂರನೆಯದು
ಸವೆದು ಸವೆದು ಹುಣಸೆಬೀಜದ ನುಣುಪು.

"ಇದನ್ನು ಬಿಚ್ಚಿ ಬೇರೆ ಹಾಕಿ," ಅಂದಳು.
"ಒತ್ತಿದ್ದೆಷ್ಟೋ ಸಲ. ಪ್ರತಿಸಲವೂ ಅವನು
ಬಾಗಿಲೆಳೆದುಕೊಂಡೇ ಹೋಗುತ್ತಾನೆ."

ಯಾರೆಂದು ಕೇಳಲಿಲ್ಲ. ದಾರ ಕತ್ತರಿಸಿದೆ.
ಹಳೆಯದನ್ನು ಡಬ್ಬಿಗೆ ಹಾಕುವಾಗ
ಹೆಬ್ಬೆರಳು ತುಸು ಒತ್ತಿತೇನೋ:

ಕೋಟು ಮತ್ತೆ ಮೇಜಿನ ಮೇಲೆ,
ಗುಂಡಿ ಅದರ ಜಾಗದಲ್ಲೇ,
ಅವಳು ಅದೇ ಮಾತು ಶುರುಮಾಡಿದ್ದಳು.

ಈ ಸಲ ಕತ್ತರಿ ಕೆಳಗಿಟ್ಟು ಕೇಳಿದೆ.