ಕಾರಣ ಆರಿಸಿ

ಏಳು ದಿನದ ಗಡುವಿನಾಗ ಇವತ್ತು ಆರನೇದ್ದು.
ಡಬ್ಬಿ ಮಂಚದ ಕೆಳಗದ.
ಅವ್ವ ಮಂಗಲಪೇಟಿ ಚರ್ಚಿಗಿ ಹೋಗ್ಯಾಳ,
ಬುಧವಾರ ಹೆಣ್ಮಕ್ಕಳ ಕೂಟ,
ನನ್ನ ಹೆಸರು ಎತ್ತಿ ಪ್ರಾರ್ಥನಾ ಮಾಡಸ್ತಾಳ,
ದೇವರಿಗಿ ಲಗ್ನಪತ್ರ ಓದಿ ಹೇಳಿದಂಗ,
ತಾರೀಖು, ಹೊತ್ತು ಸಹಿತ.

ನಾ ಫೋನ್ ಹಿಡಕೊಂಡು ಕುಂತೀನಿ.
ವಾಪಸ್ ಯಾಕ? ಅಂತ ಕೇಳ್ತದ ಅದು.
ಆರು ಸಾಲು, ಮುಂದ ಆರು ಸಣ್ಣ ಸೊನ್ನಿ,
ಒಂದು ತುಂಬಬೇಕು.
ಅಳತಿ ಹತ್ತಲಿಲ್ಲ.
ಫೋಟೋದಾಗ ಕಂಡಂಗ ಇಲ್ಲ.
ತಡಾ ಮಾಡಿ ಬಂತು.
ಹರದದ, ಇಲ್ಲಾಂದ್ರ ಡಾಗು ಅದ.
ಕಮ್ಮಿ ರೊಕ್ಕಕ್ಕ ಬ್ಯಾರೆ ಕಡಿ ಸಿಕ್ತು.
ಈಗ ಬ್ಯಾಡ.

ಕೇಳಿದ್ದು ಅರಿವಿ ಸುದ್ದಿ, ಖರೆ.
ಓದಿದ ಸಾಲಿಗೊಮ್ಮಿ
ಹುಮನಾಬಾದದ ತಿಮೋಥಿ ಯಾಕ ನೆನಪಾಗಬೇಕು?

ಬಂದ ದಿನ ಬಾಗಲಾ ಹಾಕಿ ತೊಟ್ಟು ನೋಡಿದೆ.
ಕೆನಿ ಬಣ್ಣ, ತೋಳಿಗಿ ಜಾಳಿಗಿ,
ಎದಿ ಮ್ಯಾಲ ಸಕ್ಕರಿ ಚೆಲ್ಲಿದಂಥ ಮಣಿ.
ಬೆನ್ನಿನ ಜಿಪ್ಪು ಅರ್ಧಕ್ಕ ನಿಂತಿತು,
ಮ್ಯಾಲಿಂದೂ ಕೆಳಗಿಂದೂ ಕೈ ಮುಟ್ಟದ ಜಾಗಾದಾಗ.
ದವಾಖಾನಿ ಲ್ಯಾಬಿನಾಗ ದಿನಕ್ಕ ಎಂಬತ್ತು ಮಂದಿ
ನರ ಹುಡುಕಿ ರಕ್ತ ತಗೀತೀನಿ,
ನನ್ನ ಬೆನ್ನು ನನಗ ಸಿಗಲಿಲ್ಲ.
ಒಬ್ಬಾಕಿಗಿ ತೊಡಲಕ ಬರಲ್ಲ ಇಂಥಾ ಅರಿವಿ,
ಬಿಚ್ಚಲಕನೂ ಬರಲ್ಲ.
ಹೊಲದಾಂವಗ ಅದು ಗೊತ್ತಿತ್ತು.

ನಿಲುಗನ್ನಡಿ ನಮ್ಮನ್ಯಾಗ ಇಲ್ಲ.
ಮಾಳಗಿ ಏರಿ ನೆಳ್ಳು ನೋಡಕೊಂಡೆ.
ನೆಳ್ಳಿಗಿ ಏನು ಗೊತ್ತು, ಮಣಿ ಎಲ್ಲದ, ಬಿಳುಪು ಎಲ್ಲದ?
ದೊಡ್ಡದೊಂದು ಗಂಟಿ ಕಂಡಂಗ ಕಂಡೆ,
ಬಾರಿಸಲಕ ಯಾರೂ ಬರದ ಗಂಟಿ.
ಇಳದಾಗ ನೋಡಿದ್ರ ಅಂಚಿಗಿ
ನಾಕು ಬೆರಳಗಲ ಬೀದರದ ಕೆಂಪು ಮಣ್ಣು.

ಕೆಟ್ಟಾಂವ ಅಲ್ಲ.
ಜೆಸ್ಕಾಂದಾಗ ಲೈನ್‌ಮನ್, ಪರ್ಮನೆಂಟ್.
ಕುಡಿಯಲ್ಲ. ಕ್ವಾಯರಿನಾಗ ಹಾಡ್ತಾನ.
ಹ್ವಾದ ತಿಂಗಳ ಒಂದಿನ
ಹತ್ತು ತಿಂಗಳ ಕೂಸಿಗಿ ಮೂರು ಸಲ ಚುಚ್ಚಿದೆ,
ನರ ಸಿಗಲಿಲ್ಲ.
ಅದರ ಅವ್ವ ಬೈಲಿಲ್ಲ, ನನ್ನ ಕೈ ಅಷ್ಟೇ ನೋಡಿದಳು.
ಆ ರಾತ್ರಿ ಅವನಿಗಿ ಎಲ್ಲಾ ಹೇಳಿದೆ.
ಹೂಂ ಅಂದ.
ಆಮ್ಯಾಲ, ಊಟ ಆಯ್ತೇನು? ಅಂದ.
ಪ್ರೀತಿನೇ ಇದ್ದೀತು ಅದು.
ಆಯ್ತು ಅಂದೆ.
ಆಗಿರಲಿಲ್ಲ.
ಹೊಸಾ ಮೀಟರಿನ ಸುದ್ದಿ ಹೇಳಿದ, ಅರ್ಧ ತಾಸು.

ಈ ಮಾತು ಯಾವ ಸೊನ್ನ್ಯಾಗ ತುಂಬಲಿ?
ಅಳತಿ ಅಂತ ಒತ್ತಿದೆ.

ಮರುದಿನ ಹುಡುಗ ಬಂದ, ಮೊಯಿಜ್ ಅಂತ,
ಬೆನ್ನಿಗಿ ಅವನಕಿಂತ ಎತ್ತರದ ಚೀಲ.
ಟ್ಯಾಗ್ ನೋಡಿದ, ತೋಳು ಜಾಡಿಸಿದ,
ಅಂಚಿಗಿ ಬಂದು ನಿಂತ.
ದಾಗ್ ಅದ ಅಕ್ಕಾ.
ಮೂರು ಸಲ ಒಗದೀನಿ, ಅಂದೆ.
ಮುಖ ಎತ್ತಿ ನೋಡಲಿಲ್ಲ ಪುಣ್ಯಾತ್ಮ, ನೋಡಿದ್ರ ಅತ್ತೇ ಬಿಡತಿದ್ದೆ.
ಅಂಚು ಹಿಡದು, ಡಾಗಿನ ಮ್ಯಾಲ ಹೆಬ್ಬಟ್ಟು ಇಟ್ಟು
ಫೋಟೋ ಹೊಡದ.
ಕಾರಣ?
ಅಳತಿ.
ಹಾಂ, ಶಾದಿ ಸೀಜನ್ನಿನಾಗ ಭಾಳ ಮಂದೀದು ಅದೇ ಇರ್ತದ,
ಅಂದು ಚೀಲದ ಬಾಯಿ ಎಳದ.

ಪಡಸಾಲ್ಯಾಗ ಜ್ವಾಳ ಹಸನ ಮಾಡ್ಲಕತ್ತಿದ್ದ ಅವ್ವ
ಬ್ಯಾರೇದು ತರಸು ಮತ್ತ, ಅಂದಳು.
ಮರದಾಗಿನ ಹಳ್ಳು ಆರಿಸಿ ಹೊರಗ ಒಗದಳು.

ರಾತ್ರಿ ಒಂಬತ್ತಕ್ಕ ಅವನ ಫೋನು.
ಊಟ ಆಯ್ತೇನು?
ಇಲ್ಲ, ಅಂದೆ.

ಲೈನ್ ಹೋತು ಅನಕೊಂಡೆ.
ಹೋಗಿದ್ದಿಲ್ಲ. ಅವನ ಉಸುರು ಕೇಳಸ್ತಿತ್ತು,
ಎಲ್ಲೋ ದೂರ ಒಂದು ನಾಯಿ,
ಲಾರಿ ಹಾರ್ನು.
ಯಾಕ? ಅಂದ.

ಮಂಚದ ಮ್ಯಾಲ ಕಾಲು ಮಡಚಿ ಕುಂತೆ.
ಹೊತ್ತು ಹಿಡೀತದ, ಅಂದೆ.